ವರ್ಡ್ಸ್‌ವರ್ತ್‌ನ 'ಮೈಕೆಲ್': ಮಗನನ್ನು ಕಳಿಸುವ ಬದಲು ಹೊಲ ಮಾರಬಹುದಿತ್ತಲ್ವಾ?

ಪ್ರಶ್ನೆ (ಬಿ.ಎ. ವಿದ್ಯಾರ್ಥಿನಿ):
ಈ ಸೆಮಿಸ್ಟರ್‌ಗೆ ಇಂಗ್ಲಿಷ್ ಕವಿ ವರ್ಡ್ಸ್‌ವರ್ತ್‌ನ 'ಮೈಕೆಲ್' ಪದ್ಯ ಇದೆ. ಕಥೆಯೇನೋ ಅರ್ಥವಾಯಿತು. ಇಂಗ್ಲೆಂಡಿನ ಗ್ರಾಸ್ಮಿಯರ್ ಕಣಿವೆಯ ಮುದಿ ಕುರಿಗಾಹಿ ಮೈಕೆಲ್, ಹೆಂಡತಿ ಇಸಬೆಲ್, ವಯಸ್ಸಾದ ಮೇಲೆ ಹುಟ್ಟಿದ ಒಬ್ಬನೇ ಮಗ ಲೂಕ್. ಒಡಹುಟ್ಟಿದವನ ಮಗನಿಗೆ ಜಾಮೀನು ನಿಂತಿದ್ದಕ್ಕೆ ಸಾಲ ಮೈಕೆಲ್ ತಲೆಗೆ ಬರುತ್ತದೆ. ಒಂದಿಷ್ಟು ಹೊಲ ಮಾರಿ ತೀರಿಸುವುದು ಬಿಟ್ಟು, ಹದಿನೆಂಟರ ಹುಡುಗನನ್ನು ದುಡಿಯಲು ಪಟ್ಟಣಕ್ಕೆ ಅಟ್ಟುತ್ತಾನೆ. ಇವನಿಗೆ ಮಗನಿಗಿಂತ ಮಣ್ಣೇ ಜಾಸ್ತಿನಾ? ಗೈಡ್‌ನಲ್ಲಿ ಸುಮ್ನೆ 'ಪ್ರಕೃತಿ ಪ್ರೇಮ' ಅಂತ ಬರೆದಿದ್ದಾರೆ.

ಉತ್ತರ 1 (ಕುರಿ ಸಾಕುವ ಮನೆಯವನು, ಶಿರಾ ಕಡೆ):
ಗೈಡ್ ಪಕ್ಕಕ್ಕಿಡಿ. ಮೊದಲು ಮಾರೋಣ ಅಂತಲೇ ಅವನು ಯೋಚಿಸುವುದು. ಆಮೇಲೆ ಎದೆ ಒಪ್ಪುವುದಿಲ್ಲ. ಯಾಕೆ ಅಂತ ಕುರಿ ರೊಪ್ಪದ ಹತ್ತಿರ ಮಗನಿಗೆ ಹೇಳುತ್ತಾನೆ, ಆ ಭಾಗ ಎರಡು ಸಲ ಓದಿ. ಹೊಲ ಅವನ ಕೈಗೆ ಬಂದಾಗಲೇ ಸಾಲದಲ್ಲಿತ್ತು. ನಲವತ್ತು ವರ್ಷದ ತನಕ ಅರ್ಧ ಮಾತ್ರ ಅವನದು. ಮೈಮುರಿದು ದುಡಿದು ಬಿಡಿಸಿಕೊಂಡ. ಈಗ ಜಾಮೀನಿನಿಂದ ಹೋಗುವುದೂ ಹತ್ತಿರ ಹತ್ತಿರ ಅರ್ಧ ಆಸ್ತಿ! ಎಂಬತ್ತು ದಾಟಿದವನು ಮತ್ತೆ ಅಲ್ಲಿಗೇ ಬಂದು ನಿಂತ. ಹೊಲ ಮಗನಿಗೆ ಋಣವಿಲ್ಲದೆ ಸಿಗಲಿ ಅಂತಲೇ ಮಗನನ್ನು ಕಳಿಸುವುದು. ಅವನ ಲೆಕ್ಕದಲ್ಲಿ ಮಣ್ಣು ಬೇರೆ, ಮಗ ಬೇರೆ ಅಲ್ಲ.

ನಮ್ಮಲ್ಲಿ ರೊಪ್ಪಕ್ಕೆ ಮುಳ್ಳುಬೇಲಿ ಸಾಕು, ಅಲ್ಲಿ ಕಲ್ಲು ಜೋಡಿಸಬೇಕು. ಮಗ ಹೊರಡುವ ಮುಂಚೆ, ಕಟ್ಟಬೇಕೆಂದಿದ್ದ ರೊಪ್ಪದ ಮೊದಲ ಕಲ್ಲನ್ನು ಲೂಕ್ ಕೈಯಲ್ಲೇ ಇಡಿಸುತ್ತಾನೆ. ಪಟ್ಟಣದಲ್ಲಿ ಲೂಕ್ ದಾರಿ ತಪ್ಪಿ ಕೆಟ್ಟ ಮೇಲೂ ಮುದುಕ ಕುರಿ, ಹೊಲ ಎಲ್ಲ ನೋಡಿಕೊಳ್ಳುತ್ತಾನೆ. ಆದರೆ ರೊಪ್ಪದ ಹತ್ತಿರ ಹೋಗಿ ಎಷ್ಟೋ ದಿನ ಒಂದು ಕಲ್ಲೂ ಎತ್ತದೆ ವಾಪಸ್ ಬರುತ್ತಾನೆ.

ಉತ್ತರ 2 (ಇಂಗ್ಲಿಷ್ ಮೇಷ್ಟ್ರು):
ಒಳ್ಳೆಯ ಮಾತು. ಇನ್ನೊಂದು ಸೇರಿಸುತ್ತೇನೆ. ಪದ್ಯ ಬಂದದ್ದು 1800ರಲ್ಲಿ. ಮರುವರ್ಷ ಜನವರಿಯಲ್ಲಿ ಕವಿ ಈ ಪದ್ಯವಿದ್ದ ಪುಸ್ತಕವನ್ನು ಚಾರ್ಲ್ಸ್ ಜೇಮ್ಸ್ ಫಾಕ್ಸ್ ಎಂಬ ರಾಜಕಾರಣಿಗೆ ಕಳಿಸಿದ. ಜೊತೆಗಿದ್ದ ಕಾಗದದಲ್ಲಿ, ಸ್ವಂತ ತುಂಡು ಜಮೀನಿನಲ್ಲಿ ತಾವೇ ದುಡಿಯುವ ಈ ಸಣ್ಣ ಹಿಡುವಳಿದಾರರು ಬೇಗ ಬೇಗ ಇಲ್ಲವಾಗುತ್ತಿದ್ದಾರೆ ಅಂತ ಬರೆದ. ಲೂಕ್ ಪಟ್ಟಣದಲ್ಲಿ ಹಾಳಾದದ್ದಕ್ಕೆ ಐದಾರು ಸಾಲು ಅಷ್ಟೇ. ಕವಿಯ ಗಮನ ಊರಲ್ಲಿ ಉಳಿದವರ ಮೇಲೆ.

ವಿದ್ಯಾರ್ಥಿನಿ:
'ಹೋಗಬೇಡ, ನೀನು ಹೋದರೆ ನಿಮ್ಮಪ್ಪ ಸತ್ತೇಹೋಗುತ್ತಾನೆ' ಅನ್ನುತ್ತಾಳಲ್ಲ ಇಸಬೆಲ್. ಗಂಡನಿಗಿಂತ ಅವಳೇ ಚೆನ್ನಾಗಿ ಕಂಡಿದ್ದಳು ಅಂತ ಬರೆಯಬಹುದಾ?

ಉತ್ತರ 1:
ಬರೆಯಿರಿ. ಆದರೆ ಲಂಡನ್ನಿಗೆ ಹೋಗಿ ಸಾಹುಕಾರನಾದ ರಿಚರ್ಡ್ ಬೇಟ್‌ಮನ್ ಕಥೆ ನೆನೆದು ಮುಖ ಅರಳಿದ್ದೂ ಅವಳದೇ. ಆಮೇಲೆ ಐದು ದಿನ ಕೂತು ಮಗನ ಪ್ರಯಾಣಕ್ಕೆ ಎಲ್ಲ ಸಜ್ಜು ಮಾಡಿದವಳೂ ಅವಳೇ. ಅದನ್ನು ಬಿಡಬೇಡಿ.