ಫ್ರಾಂಚೆಸ್ಕಾ ಬೆರ್ತಿನಿ: ನಟಿ ಮಾತ್ರವೇ, ನಿರ್ದೇಶಕಿಯೂ ಹೌದೇ?

ಪ್ರಶ್ನೆ (ಮೂಕಿಪ್ರಿಯ):
1915ರ ‘ಅಸ್ಸುಂತಾ ಸ್ಪೀನಾ’ ಎಂಬ ಇಟಲಿಯ ಮೂಕಿಚಿತ್ರವನ್ನು ಈಚೆಗೆ ನೋಡಿದೆ. ನಿರ್ದೇಶಕರು ಗುಸ್ತಾವೊ ಸೆರೆನಾ ಎಂದಿದ್ದರೂ, ಕೆಲವೆಡೆ ನಾಯಕಿ ಫ್ರಾಂಚೆಸ್ಕಾ ಬೆರ್ತಿನಿಯ ಹೆಸರನ್ನೂ ಜೊತೆಗೆ ಸೇರಿಸುತ್ತಾರೆ. ಇದಕ್ಕೆ ಆಧಾರವೇನು? ಅಷ್ಟು ದೊಡ್ಡ ತಾರೆ 1920ರ ದಶಕದಲ್ಲಿ ಮರೆಗೆ ಸರಿದದ್ದೇಕೆ?

ಉತ್ತರ (ಹಳೆಯ ರೀಲು):
ಆಧಾರ ಇಬ್ಬರ ಮಾತಿನಲ್ಲೂ ಇದೆ. ಚಿತ್ರವನ್ನು ನಿರ್ದೇಶಿಸಿದ್ದು ತಾನೇ ಎಂದು ಬೆರ್ತಿನಿ ಇಳಿವಯಸ್ಸಿನಲ್ಲಿ ಹೇಳಿಕೊಂಡರು. ತಾರೆಯರು ಹಾಗೆ ಹೇಳಿಕೊಳ್ಳುವುದು ಹೊಸದೇನಲ್ಲ. ಆದರೆ ಚಿತ್ರದಲ್ಲಿ ನಾಯಕಿ ಅಸ್ಸುಂತಾಳ ಪ್ರಿಯಕರ ಮಿಕೇಲೆಯ ಪಾತ್ರವನ್ನೂ ಮಾಡಿದ್ದ ಸೆರೆನಾ ಅವರೇ, ಆಕೆ ನೇಪಲ್ಸಿನ ಆಡುಮಾತಿನಲ್ಲಿ ಸಹನಟರಿಗೆ ಅಪ್ಪಣೆ ಕೊಡುತ್ತಾ, ಕ್ಯಾಮೆರಾ ಎಲ್ಲಿರಬೇಕೆಂದು ಸೂಚಿಸುತ್ತಾ, ಒಪ್ಪಿಗೆಯಾಗದ ದೃಶ್ಯವನ್ನು ಮತ್ತೆ ತೆಗೆಯಬೇಕೆಂದು ಪಟ್ಟು ಹಿಡಿಯುತ್ತಿದ್ದರೆಂದು ನೆನೆದಿರುವುದರಿಂದ ಆ ಮಾತಿಗೆ ತೂಕ ಬರುತ್ತದೆ. ಸಾಲ್ವತೋರೆ ದಿ ಜಾಕೊಮೊ ಬರೆದ ಮೂಲ ನಾಟಕದ ರಂಗಪ್ರಯೋಗದಲ್ಲಿ ಬೆರ್ತಿನಿ ಒಮ್ಮೆ ಸಣ್ಣ ಪಾತ್ರ ಮಾಡಿದ್ದರು. ಕಥೆಯ ಒಳಹೊರಗೆಲ್ಲ ಅವರಿಗೆ ಗೊತ್ತಿತ್ತು.

ಉತ್ತರ (ಪರದೆಯ ಹಿಂದೆ):
ನನಗೆ ದೊಡ್ಡ ಸಾಕ್ಷಿ ಚಿತ್ರದಲ್ಲಿ ಬೆರ್ತಿನಿ ಹೊದೆಯುವ ಆ ಶಾಲು. ಲಿಡಾ ಬೊರೆಲ್ಲಿಯಂಥ ಸಮಕಾಲೀನ ನಟಿಯರು ಮೈಯನ್ನು ಬಳ್ಳಿಯಂತೆ ಬಳುಕಿಸಿ ವೇದನೆಯನ್ನು ತೋರುತ್ತಿದ್ದ ಕಾಲದಲ್ಲಿ, ಇಸ್ತ್ರಿ ಅಂಗಡಿಯ ಹೆಂಗಸಾದ ಅಸ್ಸುಂತಾ ಶಾಲನ್ನು ಎಳೆದು ಹೊದೆಯುವುದರಲ್ಲೇ ಅಂಜಿಕೆ, ಹಟ, ನಾಚಿಕೆ ಮೂರೂ ಕಾಣುತ್ತವೆ. ತನ್ನ ಮುಖಕ್ಕೆ ಚಾಕು ಹಾಕಿದ ಮಿಕೇಲೆಯನ್ನೇ ನ್ಯಾಯಾಲಯದಲ್ಲಿ ಉಳಿಸಲು ನೋಡುವ ಅವಳು, ಅವನನ್ನು ದೂರದ ಅವೆಲ್ಲೀನೊ ಸೆರೆಮನೆಗೆ ಕಳಿಸದಿರಲೆಂದು ಗುಮಾಸ್ತನೊಬ್ಬನಿಗೆ ತನ್ನನ್ನೇ ಒಪ್ಪಿಸಿಕೊಳ್ಳಬೇಕಾಗುತ್ತದೆ. ನೇಪಲ್ಸಿನ ನಿಜವಾದ ಬೀದಿಗಳಲ್ಲಿ ಚಿತ್ರೀಕರಿಸಿದ್ದರಿಂದ ಇದ್ಯಾವುದೂ ಮೆಲೋಡ್ರಾಮಾ ಅನ್ನಿಸುವುದಿಲ್ಲ.

ಉತ್ತರ (ಹಳೆಯ ರೀಲು):
ಎರಡನೆಯ ಪ್ರಶ್ನೆಗೆ: ಉದ್ಯಮವೇ ಕುಸಿಯಿತು. 1919ರಲ್ಲಿ ದೊಡ್ಡ ಕಂಪನಿಗಳು ಒಂದುಗೂಡಿ ಕಟ್ಟಿದ ಒಕ್ಕೂಟ ಕೆಲವೇ ವರ್ಷಗಳಲ್ಲಿ ನೆಲಕಚ್ಚಿತು, ಹಾಲಿವುಡ್ ಚಿತ್ರಗಳು ಮಾರುಕಟ್ಟೆಯನ್ನು ತುಂಬಿದವು. ಅಮೆರಿಕದ ಫಾಕ್ಸ್ ಕಂಪನಿಯ ಕರೆಯನ್ನು ಬೆರ್ತಿನಿ ಒಪ್ಪಲಿಲ್ಲ. 1921ರಲ್ಲಿ ಸ್ವಿಟ್ಜರ್ಲೆಂಡಿನ ಬ್ಯಾಂಕರ್ ಪಾಲ್ ಕಾರ್ತಿಯೆ ಅವರನ್ನು ಮದುವೆಯಾದರು. ಆಮೇಲೂ ಆಗೀಗ ನಟಿಸಿದರು, ಹಿಂದಿನ ವೈಭವ ಮಾತ್ರ ಮರಳಲಿಲ್ಲ.

ಪ್ರಶ್ನೆ ಕೇಳಿದವರು (ಮೂಕಿಪ್ರಿಯ):
ಶಾಲಿನ ದೃಶ್ಯಗಳನ್ನು ಇಂದು ಮತ್ತೊಮ್ಮೆ ನೋಡುವೆ. ಅವರ ದನಿ ಕೇಳಿಸುವ ಚಿತ್ರವೇನಾದರೂ ಇದೆಯೇ?

ಉತ್ತರ (ಪರದೆಯ ಹಿಂದೆ):
ಬೆರ್ತೊಲುಚ್ಚಿಯವರ 1976ರ ‘ನೊವೆಚೆಂತೊ’ದಲ್ಲಿ ಸನ್ಯಾಸಿನಿಯ ಚಿಕ್ಕ ಪಾತ್ರದಲ್ಲಿದ್ದಾರೆ. ಅವರೇ ಮಾತನಾಡುವುದನ್ನು ಕೇಳಬೇಕಾದರೆ, ಜಾನ್‌ಫ್ರಾಂಕೊ ಮಿಂಗೊತ್ಸಿ 1982ರಲ್ಲಿ ತೆಗೆದ ಸಾಕ್ಷ್ಯಚಿತ್ರ ನೋಡಿ; ತಮ್ಮ ಹಳೆಯ ಚಿತ್ರವನ್ನು ಅವರು ನೋಡುತ್ತಾ ಕೂತಿರುವುದೂ ಅದರಲ್ಲಿದೆ.