1991ರಲ್ಲಿ ಮದುವೆ, 1998ರಲ್ಲಿ ವಾಟ್ನಿ ವರ್ದಿ: ತವರಿನ ಹೊಲದಾಗ ನನ್ನ ಪಾಲು ಐತೇನ್ರೀ?

ಪ್ರಶ್ನೆ (ಸದಸ್ಯೆ, ಹಾವೇರಿ ಜಿಲ್ಲೆ): ವಕೀಲ್ರ, ನಮಸ್ಕಾರ್ರೀ. ನನ್ನ ಮದುವಿ 1991ರಾಗ ಆತು. ಅಪ್ಪ 2003ರಾಗ ತೀರಿಕೊಂಡ್ರು, ಅವ್ವನೂ ಈಗ ಇಲ್ಲ. ಇಬ್ಬರು ಅಣ್ಣಂದಿರು, ನಾ ಒಬ್ಬಾಕಿ. ಮುತ್ತಜ್ಜನ ಕಾಲದಿಂದ ಬಂದ ಹೊಲ 7 ಎಕರೆ. ಅದರಾಗ 1 ಎಕರೆ ಅಪ್ಪ 2002ರಾಗ ರಜಿಸ್ಟರ್ ಮಾಡಿ ಮಾರಿದ್ರು. ಉಳಿದ 6 ಎಕರೆ 1998ರಾಗ ವಾಟ್ನಿ ವರ್ದಿ (ಹೊಲ ಪಾಲು ಮಾಡ್ಕೊಂಡೀವಿ ಅಂತ ಕಂದಾಯ ಇಲಾಖೆಗೆ ಕೊಡೋ ಅರ್ಜಿ) ಕೊಟ್ಟು ಅಣ್ಣಂದಿರ ಹೆಸರಿಗೆ ಉತಾರ (ಪಹಣಿ) ಮಾಡ್ಸಿದ್ರು. ಸೊಸೈಟಿಯಾಗ ಇಬ್ಬರಿಗೂ ಬೆಳಿಸಾಲ ಸಿಗ್ಲಿ ಅಂತ ಮಾಡಿದ್ದು ಅಂತ ಅವ್ವ ಹೇಳ್ತಿದ್ಲು. ಈಗ ಹೊಲ ಮಾರಾಕ ಹೊಂಟಾರ. ತಗೊಳ್ಳಾವ್ರು ತಂಗಿ ಸಹಿ ಬೇಕು ಅಂದಾರಂತ. “50 ಸಾವಿರ ಕೊಡ್ತೀವಿ, ಅರಿಶಿಣ ಕುಂಕುಮಕ್ಕ ಅಂತ ತಿಳ್ಕೊ, ಬಂದು ಸಹಿ ಮಾಡಿ ಹೋಗು” ಅಂತಾರ. 1994ಕ್ಕಿಂತ ಮೊದಲ ಮದುವಿ ಆದವ್ರಿಗೆ ಪಾಲಿಲ್ಲ ಅಂತ ಊರಾಗ ಎಲ್ಲಾರೂ ಹೇಳ್ತಾರ. ಖರೇನ್ರೀ?

ಉತ್ತರ (ವಕೀಲರು): ಅಕ್ಕಾರ, ಮೊದಲ ಮಾತು: ಸಹಿ ಮಾಡಬ್ಯಾಡ್ರಿ. ಉಳಿದದ್ದು ಆಮೇಲೆ.

ಊರಲ್ಲಿ ಹೇಳುವ ಮಾತು ಒಂದು ಕಾಲಕ್ಕೆ ನಿಜವಿತ್ತು. ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಕರ್ನಾಟಕದ ತಿದ್ದುಪಡಿ 30-7-1994ರಿಂದ ಜಾರಿಗೆ ಬಂತು. ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳ ಸಮ ಪಾಲು ಕೊಟ್ಟಿತು, ಆದರೆ ಅದಕ್ಕೂ ಮೊದಲು ಮದುವೆಯಾದವರನ್ನು ಹೊರಗಿಟ್ಟಿತು. 9-9-2005ರಂದು ಕೇಂದ್ರದ ತಿದ್ದುಪಡಿ ಬಂದಾಗ ಆ ಷರತ್ತು ಉಳಿಯಲಿಲ್ಲ. ಮದುವೆ ಯಾವ ಇಸವಿಯಲ್ಲಿ ಆಯಿತು ಎಂದು ಈಗ ಕೇಳುವ ಹಾಗೇ ಇಲ್ಲ.

ಆಮೇಲೆ ಎದ್ದದ್ದು ಅಪ್ಪ ತೀರಿಕೊಂಡ ದಿನಾಂಕದ ಜಗಳ. ನಮ್ಮ ರಾಜ್ಯದಿಂದಲೇ ಹೋದ ಫೂಲವತಿ ಕೇಸಿನಲ್ಲಿ 2015ರಲ್ಲಿ ಸುಪ್ರೀಂ ಕೋರ್ಟು, 2005ರ ಸೆಪ್ಟೆಂಬರ್ 9ಕ್ಕೆ ತಂದೆಯೂ ಬದುಕಿರಬೇಕು ಎಂದಿತ್ತು. ಹಾಗಾಗಿ ನಿಮ್ಮಂಥವರ ಕೇಸುಗಳು ಬಿದ್ದುಹೋದವು. 11-8-2020ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಅದನ್ನು ತೆಗೆದುಹಾಕಿತು. ಮಗಳಿಗೆ ಹಕ್ಕು ಹುಟ್ಟಿನಿಂದ ಬರುತ್ತದೆ, ತಂದೆ ಯಾವಾಗ ತೀರಿಕೊಂಡರು ಎಂಬುದಕ್ಕೆ ಸಂಬಂಧವಿಲ್ಲ.

ನಿಮ್ಮ ಕೇಸಿನ ಗಂಟು ಇರುವುದು 1998ರ ವರ್ದಿಯಲ್ಲಿ. 20-12-2004ಕ್ಕಿಂತ ಮೊದಲು ಆದ ಮಾರಾಟ, ವಾಟ್ನಿಗಳನ್ನು ಕಾನೂನು ಮುಟ್ಟುವುದಿಲ್ಲ. ಆದ್ದರಿಂದ ಅಪ್ಪ ಮಾರಿದ 1 ಎಕರೆಯನ್ನು ಬಿಟ್ಟುಬಿಡಿ. ವಾಟ್ನಿಯಾದರೆ ರಜಿಸ್ಟರ್ ಪತ್ರ ಇರಬೇಕು, ಇಲ್ಲವೇ ಕೋರ್ಟಿನ ಡಿಕ್ರಿ (ತೀರ್ಪಿನ ಆದೇಶ) ಇರಬೇಕು. ಬರೀ ಬಾಯಿಮಾತಿನ ವಾಟ್ನಿಯನ್ನು ಒಪ್ಪಬಾರದು ಎಂದು 2020ರ ತೀರ್ಪು ಖಡಕ್ಕಾಗಿ ಹೇಳಿದೆ. ಜೊತೆಗೆ ಒಂದು ಸಣ್ಣ ಬಾಗಿಲನ್ನೂ ಬಿಟ್ಟಿದೆ: ಸರ್ಕಾರಿ ದಾಖಲೆಗಳ ಬೆಂಬಲವಿದ್ದು, ಡಿಕ್ರಿಯಾದಷ್ಟೇ ಖಚಿತವಾಗಿ ವಾಟ್ನಿ ಸಾಬೀತಾದರೆ, ಅಪರೂಪಕ್ಕೆ ಒಪ್ಪಬಹುದು. ನಿಮ್ಮ ಅಣ್ಣಂದಿರ ವಕೀಲರು ನುಗ್ಗುವುದು ಇದೇ ಬಾಗಿಲಿನಿಂದ. ಅಲ್ಲಿ ಅವರು ಗೆದ್ದರೆ ನಿಮಗೆ ಈ 6 ಎಕರೆಯಲ್ಲಿ ಏನೂ ಸಿಗದು, ಅದನ್ನು ಮುಚ್ಚಿಟ್ಟು ಹೇಳಲಾರೆ.

ಅದಕ್ಕೇ ಅವ್ವ ಹೇಳಿದ ಮಾತು ಮುಖ್ಯ. ಸಾಲಕ್ಕಾಗಿ ಹೆಸರು ಹಚ್ಚಿದ್ದು ಬೇರೆ, ಮನೆ ಒಡೆದು ಬೇರೆಯಾಗಿದ್ದು ಬೇರೆ. 1998ರ ನಂತರವೂ ಒಂದೇ ಒಲೆ ಇತ್ತೇ? ರೇಷನ್ ಕಾರ್ಡು ಒಂದೇ ಇತ್ತೇ? ಹತ್ತಿ, ಗೋವಿನಜೋಳ ಮಾರಿದ ಪಟ್ಟಿ (ರಸೀದಿ) ಯಾರ ಹೆಸರಲ್ಲಿದೆ? ವರ್ದಿ ಕೊಟ್ಟ ತಿಂಗಳೇನಾದರೂ ಸೊಸೈಟಿ ಸಾಲ ಎದ್ದಿದ್ದರೆ ಅದೊಂದು ಒಳ್ಳೆಯ ಪುರಾವೆ. ತಹಶೀಲ್ದಾರ್ ಕಚೇರಿಯಿಂದ ಆ ಎಂ.ಆರ್. (ಹೆಸರು ಬದಲಾವಣೆಯ ದಾಖಲೆ) ನಕಲು, ವರ್ದಿ ನಕಲು, 1998ರ ಹಿಂದುಮುಂದಿನ ಉತಾರಗಳನ್ನು ತೆಗೆಸಿರಿ. ಉತಾರದಲ್ಲಿ ಹೆಸರಿದ್ದ ಮಾತ್ರಕ್ಕೆ ಮಾಲೀಕತ್ವ ಬರುವುದಿಲ್ಲ, ಇದನ್ನು ಅಣ್ಣಂದಿರಿಗೂ ಹೇಳಿ.

ವರ್ದಿ ನಿಲ್ಲದಿದ್ದರೆ, ಅಪ್ಪ ಅವ್ವ ಉಯಿಲು ಬರೆದಿಲ್ಲದಿದ್ದರೆ ಲೆಕ್ಕ ಸರಳ: ಮೂವರಿಗೂ ಎರಡೆರಡು ಎಕರೆ. ಈಗ 50 ಸಾವಿರ ಯಾವುದಕ್ಕೆ ಕೊಡುತ್ತಿದ್ದಾರೆ ನೋಡಿಕೊಳ್ಳಿ.

ಪ್ರಶ್ನೆ (ಅದೇ ಸದಸ್ಯೆ): ಸಹಿ ಮಾಡಿ ಆಮೇಲೆ ಕೇಳಾಕ ಬರಂಗಿಲ್ಲೇನ್ರೀ? ಜಗಳ ಬ್ಯಾಡ ಅನಿಸ್ತೈತಿ. ಕೋರ್ಟಿಗೆ ಹೋಗಾಕ ರೊಕ್ಕನೂ ಇಲ್ಲ.

ಉತ್ತರ: ರಜಿಸ್ಟರ್ ಆದ ಹಕ್ಕು ಬಿಡುಗಡೆ ಪತ್ರವನ್ನು ಮುರಿಯುವುದು ಬಲು ಕಷ್ಟ. ಮೋಸವಾಗಿದೆ ಎಂದು ನೀವೇ ಸಾಬೀತು ಮಾಡಬೇಕು, ಅದೂ ಗೊತ್ತಾದ 3 ವರ್ಷದೊಳಗೆ ದಾವೆ ಹಾಕಿ. ರಾಜಿಯಾಗುವುದಾದರೆ ಆಗಿ, ತಪ್ಪಿಲ್ಲ. ಇವತ್ತಿನ ದರಕ್ಕೆ ಹೊಂದುವ ಮೊತ್ತ ಖಾತೆಗೆ ಬಂದ ಮೇಲೆ, ಅದೇ ಮೊತ್ತವನ್ನು ಪತ್ರದಲ್ಲಿ ಬರೆಸಿ ಸಹಿ ಮಾಡಿ.

ರೊಕ್ಕದ ಚಿಂತೆ ಬೇಡ. 1987ರ ಕಾನೂನು ಸೇವೆಗಳ ಕಾಯ್ದೆಯಂತೆ ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗುತ್ತಾರೆ. ತಾಲೂಕು ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಡಿ. ಕಾಲದ ಚಿಂತೆ ಮಾತ್ರ ಇರಲಿ: ಪಾಲಿನಿಂದ ಹೊರಗಿಟ್ಟದ್ದು ನಿಮಗೆ ತಿಳಿದ ದಿನದಿಂದ 12 ವರ್ಷದ ಮಿತಿ ಇದೆ. ಆ ದಿನ ಯಾವುದು ಎಂಬುದರ ಮೇಲೇ ಎದುರಿನವರು ವಾದ ಮಾಡುತ್ತಾರೆ. ಮಾರಾಟ ಆಗುವ ಮೊದಲೇ ದಾವೆ ಹೂಡಿ ತಡೆಯಾಜ್ಞೆ ಕೇಳುವುದು ಒಳ್ಳೆಯದು.

ಇನ್ನೊಬ್ಬ ಸದಸ್ಯರು: ತಂಗಿಗೆ ಬಂಗಾರ ಹಾಕಿ, ಸಾಲ ಮಾಡಿ ಮದುವೆ ಮಾಡಿದವರು ನಾವು. ಅದು ಪಾಲಲ್ಲವೇ? ಮೇಲೆ ಇವಳು ಕೋರ್ಟಿಗೆ ಹೋದರೆ ತವರಿನ ಬಾಗಿಲು ಮುಚ್ಚಿದ ಹಾಗೇ.

ಉತ್ತರ: ಮದುವೆ ಖರ್ಚು ಪಾಲಲ್ಲ ಸರ್. ನಿಮ್ಮ ಮದುವೆಗೂ ಮನೆಯ ದುಡ್ಡೇ ಹೋಗಿರುತ್ತದೆ, ಅದನ್ನು ನಿಮ್ಮ ಪಾಲಿನಲ್ಲಿ ಯಾರೂ ಮುರಿದುಕೊಂಡಿಲ್ಲ. ನಿಮ್ಮ ಮಾತಿನಲ್ಲಿ ಒಂದು ನ್ಯಾಯ ಇದೆ: ಪಾಲು ತೆಗೆದುಕೊಳ್ಳುವ ಮಗಳಿಗೆ ಜವಾಬ್ದಾರಿಯೂ ಬರುತ್ತದೆ. ಜಂಟಿ ಆಸ್ತಿಯ ಮೇಲೆ ನಿಜವಾದ ಸಾಲವಿದ್ದರೆ ಅದನ್ನೂ ಪಾಲು ಮಾಡಿ ಹಂಚಿ. ತವರಿನ ಬಾಗಿಲಿನ ಮಾತು ಕಾನೂನಿನದಲ್ಲ. ಅಂದಹಾಗೆ ಸಹಿಗೆ ಕರೆಯುವಾಗ ಬಾಗಿಲು ತೆರೆದೇ ಇರುತ್ತದೆ.

ಮತ್ತೊಬ್ಬ ಸದಸ್ಯೆ, ತುಮಕೂರು: ನಮ್ಮ ತಂದೆ ಇದ್ದಾರೆ. ಎಲ್ಲವನ್ನೂ ತಮ್ಮನಿಗೆ ಉಯಿಲು ಬರೆಯುತ್ತೇನೆ ಅಂತಾರೆ ಸರ್.

ಉತ್ತರ: ಸ್ವಯಾರ್ಜಿತವಾದರೆ ಯಾರಿಗಾದರೂ ಬರೆಯಬಹುದಮ್ಮ, ನೀವು ತಡೆಯಲಾಗದು. ಪಿತ್ರಾರ್ಜಿತವಾದರೆ ತಮ್ಮ ಪಾಲನ್ನಷ್ಟೇ ಬರೆಯಬಹುದು, ನಿಮ್ಮ ಪಾಲನ್ನು ನೀವು ಅವರಿರುವಾಗಲೇ ಕೇಳಬಹುದು. ಅಜ್ಜನಿಂದ ಬಂದದ್ದೆಲ್ಲ ಪಿತ್ರಾರ್ಜಿತ ಅಂದುಕೊಳ್ಳಬೇಡಿ. ಅಜ್ಜ ತಾವೇ ಸಂಪಾದಿಸಿದ ಆಸ್ತಿ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದ ಮೇಲೆ ಅವರು ತೀರಿಕೊಂಡು ನಿಮ್ಮ ತಂದೆಗೆ ಬಂದಿದ್ದರೆ, ಅದು ತಂದೆಯ ಸ್ವಂತದ್ದೇ. ಅಜ್ಜನ ಕ್ರಯಪತ್ರ ಹುಡುಕಿ, ಸರ್ವೆ ನಂಬರ್ ಮುಚ್ಚಿ ಫೋಟೋ ಹಾಕಿ, ನೋಡಿ ಹೇಳುತ್ತೇನೆ.