ಸಹಾಯ ಬೇಕು: ಓಪನ್ ಸ್ಕೂಲ್ ಹತ್ತನೇ ತರಗತಿ ಪ್ರಮಾಣಪತ್ರದ ಬಗ್ಗೆ

ಎಲ್ಲರಿಗೂ ನಮಸ್ಕಾರ. ಕಾರವಾರ ತಾಲೂಕಿನ ಕದ್ರಾದಲ್ಲಿರುವ ನನ್ನ ಅಕ್ಕ ಮದುವೆಯಾದ ಮೇಲೆ ಎನ್‌ಐಒಎಸ್‌ನಲ್ಲಿ (ರಾಷ್ಟ್ರೀಯ ಓಪನ್ ಸ್ಕೂಲ್ ಬೋರ್ಡ್) ಹತ್ತನೇ ತರಗತಿ ಪಾಸಾದವಳು. 2019ರ ಆಗಸ್ಟ್ ನೆರೆಯಲ್ಲಿ ಕಾಳಿ ನದಿ ನೀರು ಮನೆಗೆ ನುಗ್ಗಿ ಅಂಕಪಟ್ಟಿ, ಪ್ರಮಾಣಪತ್ರ ಎರಡೂ ಹಾಳಾದವು. ಉಳಿದಿರುವುದು ಒಂದು ಜೆರಾಕ್ಸ್, ಅದರಲ್ಲಿ ರೋಲ್ ನಂಬರ್ ಓದಲು ಬರುತ್ತದೆ.

ಈಗ ಕೆಲಸಕ್ಕೆ ಅರ್ಜಿ ಹಾಕಿದ್ದಾಳೆ. ಅಲ್ಲಿಯವರು ಜೆರಾಕ್ಸ್ ನಡೆಯಲ್ಲ, ಇದು ಎಸ್ಸೆಸ್ಸೆಲ್ಸಿಗೆ ಸಮ ಅಂತ ಶಿಕ್ಷಣ ಇಲಾಖೆಯ ಜಿಲ್ಲಾ ಉಪನಿರ್ದೇಶಕರ (ಡಿಡಿಪಿಐ) ಕಚೇರಿಯಿಂದ ಬರೆಸಿಕೊಂಡು ಬನ್ನಿ ಅಂದರು. ಎನ್‌ಐಒಎಸ್ ಕೇಂದ್ರ ಸರ್ಕಾರದ್ದೇ ಬೋರ್ಡ್ ಅಲ್ವಾ? ಸುಮ್ನೆ ಓಡಾಡಿಸುತ್ತಿದ್ದಾರೆ ಅನಿಸುತ್ತದೆ. ಸರ್ಕಾರಿ ದಾಖಲೆಗಳು ಆನ್‌ಲೈನ್‌ನಲ್ಲಿ ಸಿಗುವ ಡಿಜಿಲಾಕರ್‌ನಲ್ಲೂ ನೋಡಿದೆವು, ಅಕ್ಕನದು ಹಳೇ ಬ್ಯಾಚ್, ಸಿಗಲಿಲ್ಲ. ಸಿಕ್ಕಿದ್ದರೆ ತಕರಾರೇ ಇರುತ್ತಿರಲಿಲ್ಲ, ಅದರಲ್ಲಿ ಬರುವ ಅಂಕಪಟ್ಟಿ ಕಾನೂನಿನ ಪ್ರಕಾರ ಮೂಲ ಪ್ರತಿಗೆ ಸಮ.

ಕಾರವಾರ, ಶಿರಸಿ ಕಡೆ ಯಾರಾದರೂ ಎನ್‌ಐಒಎಸ್ ನಕಲು ಪ್ರತಿ ತರಿಸಿದ್ದೀರಾ? ಬೆಂಗಳೂರಿನ ಪ್ರಾದೇಶಿಕ ಕೇಂದ್ರಕ್ಕೆ ಖುದ್ದಾಗಿ ಹೋಗಬೇಕಾ, ಆನ್‌ಲೈನ್‌ನಲ್ಲೇ ಮುಗಿಯುತ್ತದಾ? ಪೊಲೀಸ್ ದೂರು, ನೋಟರಿ ಅಫಿಡವಿಟ್ ಎರಡೂ ಕೇಳಿದರಾ? ಪ್ರತಿ ಬರುವವರೆಗೆ ಬೋರ್ಡಿನಿಂದ ಕೆಲಸ ಕೊಡುವವರಿಗೇ ನೇರವಾಗಿ ದೃಢೀಕರಣ ಪತ್ರ ಹೋಗುವಂತೆ ಮಾಡಿಸಿದವರಿದ್ದರೆ ದಯವಿಟ್ಟು ಹೇಳಿ, ನಮಗೆ ಅದೇ ಜಾಸ್ತಿ ಅರ್ಜೆಂಟು. ಏಜೆಂಟರ ನಂಬರ್ ಮಾತ್ರ ಬೇಡ.